ಬಿಸಿಲಿಗಿಟ್ಟ ಜೋಡಿಕಾಳು

ಹೋದ ತಿಂಗಳು ಮೊಮ್ಮಗಳು ನನಗೆ ಫೋನಿನಲ್ಲಿ ಕನ್ನಡ ಟೈಪ್ ಮಾಡುವುದನ್ನು ಕಲಿಸಿದಳು. ಮೊದಲು ನಿನ್ನ ಹೆಸರು ಬರಿ, ಅಜ್ಜಿ, ಅಂದಳು. ನನ್ನ ಹೆಸರು ನನಗೆ ಗೊತ್ತೇ ಇದೆ, ಅದನ್ನು ಬರೆದು ಏನಾಗಬೇಕು? ‘ಡಯಾಪಾಸ್’ ಎಂದು ಬರೆದೆ. ಬಿ.ಎಸ್ಸಿ. ಓದುತ್ತಿರುವ ಹುಡುಗಿ ಕಣ್ಣು ದೊಡ್ಡದು ಮಾಡಿದಳು. ಅವಳ ಜೀವಶಾಸ್ತ್ರದ ಪುಸ್ತಕದಲ್ಲಿ ಆ ಶಬ್ದ ಒಂದೇ ಒಂದು ಪುಟದಲ್ಲಿ ಬರುತ್ತದಂತೆ. ಪರೀಕ್ಷೆಗೆ ಕೇಳುವುದಿಲ್ಲವೆಂದು ಆ ಪುಟವನ್ನೇ ಬಿಟ್ಟಿದ್ದಾಳಂತೆ. ನಾನು ಅದನ್ನು ಒಂಬತ್ತನೇ ವಯಸ್ಸಿನಲ್ಲಿ, ಕೌತಾಳಂನಿಂದ ಮೂರು ಮೈಲಿ ಒಳಗಿದ್ದ ನಮ್ಮ ಊರಿನ ಪಡಸಾಲೆಯಲ್ಲಿ ಕಲಿತೆ ಎಂದರೆ ನಂಬಲಿಲ್ಲ.

ಅವಳೇ ಹುಡುಕಿ ಕನ್ನಡದ ಅರ್ಥ ತೋರಿಸಿದಳು: ಸುಪ್ತಾವಸ್ಥೆ. ನನಗೆ ಸಮಾಧಾನವಾಗಲಿಲ್ಲ. ಆಸ್ಪತ್ರೆಯ ಕಾಗದದಲ್ಲಿ ಬರೆಯುವ ಮಾತಿನ ಹಾಗಿದೆ. ನಮ್ಮ ಅಕ್ಕ ಇದಕ್ಕಿಂತ ಚೆನ್ನಾಗಿ ಹೇಳುತ್ತಿದ್ದಳು.

ಅಕ್ಕ ನನಗಿಂತ ನಾಲ್ಕು ವರ್ಷಕ್ಕೆ ದೊಡ್ಡವಳು. ನಮ್ಮದು ಹತ್ತಿ ಬೆಳೆಯುವ ಮನೆ. ಬೇಸಿಗೆಯಲ್ಲಿ ಆದೋನಿಯ ಅರಳೆ ಬಿಡಿಸುವ ಜಿನ್ನಿನಿಂದ ಹತ್ತಿಕಾಳು ಮನೆಗೆ ಬಂದಾಗ ಹೆಂಗಸರೆಲ್ಲ ಮೊರ ಹಿಡಿದು ಕೂತು ಬಿತ್ತನೆಗೆ ಒಳ್ಳೆಯ ಕಾಳು ಆರಿಸುತ್ತಿದ್ದರು. ಆರಿಸುವಾಗ ಎರಡು ಕಾಳು ಒಂದಕ್ಕೊಂದು ಅಂಟಿಕೊಂಡದ್ದು ಸಿಗುತ್ತಿತ್ತು. ಅದು ಜೋಡಿಕಾಳು. ಅದನ್ನು ಬೇರೆ ಮಾಡಬಾರದು, ಎಸೆಯಲೂಬಾರದು. ಗಂಡ ಹೆಂಡತಿ ಕೂಡಿಕೊಂಡ ಹಾಗೆ, ಮನೆಗೆ ಶುಭ ಎಂದು ನಮ್ಮ ಅಜ್ಜಿ ಕೈಯಲ್ಲಿ ತೆಗೆದುಕೊಂಡು ಮದುವೆಯಾಗದ ಹುಡುಗಿಯ ಉಡಿಗೆ ಹಾಕುತ್ತಿದ್ದಳು. ಬಿತ್ತನೆಯ ದಿನ ಆ ಹುಡುಗಿಯೇ ಅವನ್ನು ಕೂರಿಗೆಯ ಬಟ್ಟಲಿಗೆ ಮೊದಲು ಹಾಕಬೇಕು. ನಮ್ಮ ಸೀಮೆಯಲ್ಲಿ ಎಷ್ಟು ತಲೆಮಾರು ಹೀಗೆ ನಡೆದಿತ್ತೋ. ಆ ಕಾಳಿನೊಳಗಿನ ಹುಳವನ್ನು ಮಡಿಲಲ್ಲಿಟ್ಟು ಸಾಕಿ, ನಾವೇ ಹೊಲಕ್ಕೆ ಬಿಟ್ಟು ಬರುತ್ತಿದ್ದೆವು ಎಂಬುದು ಯಾರಿಗೂ ಗೊತ್ತಿರಲಿಲ್ಲ.

ಆ ವರ್ಷ ಉಡಿ ತುಂಬಿಸಿಕೊಳ್ಳುವ ಸರದಿ ಅಕ್ಕನದು. ಅವಳಿಗೆ ಸುಮ್ಮನೆ ಕೂರಲು ಬಾರದು. ಒಂದು ಜೋಡಿಕಾಳನ್ನು ಹಲ್ಲಿನಿಂದ ಬಿಡಿಸಿದಳು. ಒಳಗೆ ತೆಳ್ಳನೆಯ ಬಲೆಯಲ್ಲಿ ಸುತ್ತಿಕೊಂಡು ಅಕ್ಕಿಕಾಳಿಗಿಂತ ಚೂರು ದೊಡ್ಡದಾದ ಗುಲಾಬಿ ಬಣ್ಣದ ಹುಳ. ಅಜ್ಜಿ ಶಾಂತಂ ಪಾಪಂ ಎಂದು ಮುಖ ತಿರುಗಿಸಿದಳು.

ಆ ದಿನಗಳಲ್ಲಿ ನಮ್ಮ ತಾಲ್ಲೂಕು ಬಳ್ಳಾರಿ ಜಿಲ್ಲೆ ಬಿಟ್ಟು ಕರ್ನೂಲಿಗೆ ಸೇರಿ ಸ್ವಲ್ಪ ಕಾಲವಾಗಿತ್ತು. ಬೇಸಾಯದ ಇಲಾಖೆಯವರೊಬ್ಬರು ವಾರಕ್ಕೊಮ್ಮೆ ಕೌತಾಳಂವರೆಗೆ ಬಸ್ಸಿನಲ್ಲಿ ಬಂದು, ಅಲ್ಲಿಂದ ನಡೆದು ನಮ್ಮೂರಿಗೆ ಬರುತ್ತಿದ್ದರು. ತೆಲುಗಿನವರು, ಕನ್ನಡವನ್ನು ತೆಲುಗಿನ ಹಾಗೆಯೇ ಎಳೆದು ಮಾತಾಡುತ್ತಿದ್ದರು. ಸದಾ ಹುಳದ ಮಾತೇ ಆಡುತ್ತಿದ್ದುದರಿಂದ ಊರಿನವರು ಅವರನ್ನು ಹುಳದ ಸಾಹೇಬ ಎಂದು ಕರೆಯುತ್ತಿದ್ದರು. ಅಕ್ಕ ಆ ಹುಳವನ್ನು ವೀಳ್ಯದೆಲೆಯ ಮೇಲಿಟ್ಟು ಅವರ ಮುಂದೆ ಹಿಡಿದಳು.

ಸಾಹೇಬರು ಚಪ್ಪಲಿ ಬಿಡುವುದನ್ನೂ ಮರೆತು ಪಡಸಾಲೆಗೆ ಬಂದು ಕೂತರು. ಹತ್ತಿಕಾಯಿ ಕೊರೆಯುವ ಹುಳ ಇದೇ. ಚಳಿಗಾಲ ಬರುವ ಮೊದಲೇ ಎರಡು ಕಾಳು ಸೇರಿಸಿ ಹೊಲಿದುಕೊಂಡು ಒಳಗೆ ಮಲಗುತ್ತದೆ, ತಿನ್ನುವುದಿಲ್ಲ, ಬೆಳೆಯುವುದಿಲ್ಲ, ಸಾಯುವುದೂ ಇಲ್ಲ. ಇದಕ್ಕೆ ಡಯಾಪಾಸ್ ಎನ್ನುತ್ತಾರೆ ಎಂದರು. ಹಾಗಾದರೆ ನಿದ್ದೆಯೇ ಎಂದು ನಾನು ಕೇಳಿದೆ. ಅಲ್ಲವಂತೆ. ನಿದ್ದೆಯಾದರೆ ತಟ್ಟಿದರೆ ಏಳುತ್ತದೆ. ಹಸಿವಿಗೆ ಬಿದ್ದದ್ದಾದರೆ ಮೇವು ಕೊಟ್ಟರೆ ಏಳುತ್ತದೆ. ಇದು ಕಷ್ಟ ಬಂದ ಮೇಲೆ ಮಲಗಿದ್ದಲ್ಲ, ಕಷ್ಟ ಬರುತ್ತದೆಂದು ಮೊದಲೇ ಮೈಗೆ ತಿಳಿದು ಮಲಗಿದ್ದು. ಒಳ್ಳೆಯ ಕಾಲ ಬಂತೆಂದು ತಕ್ಷಣ ಏಳುವುದೂ ಇಲ್ಲ. ಅದರ ಗಡುವು ಮುಗಿಯಬೇಕು, ಮಳೆಯ ತೇವ ತಾಗಬೇಕು. ಆಮೇಲೆ ಪತಂಗವಾಗಿ ಹೊರಗೆ ಬರುತ್ತದೆ.

ಅಕ್ಕ ಒಂದು ಮಾತೂ ಬಿಡದೆ ಕೇಳಿದಳು. ಕೊನೆಗೆ ಒಂದೇ ಸಾಲಿನಲ್ಲಿ ನನಗೆ ಹೇಳಿದಳು. “ಸತ್ತಂಗ ಇರತೈತಿ, ಆದ್ರ ದಿನಾ ಎಣಿಸ್ಕೋತ ಇರತೈತಿ.” ಇವತ್ತಿನವರೆಗೆ ನಾನು ಕೇಳಿದ ಅರ್ಥಗಳಲ್ಲಿ ಅದೇ ಚಲೋದು.

ಅಂದಿನಿಂದ ನಮ್ಮ ಮನೆಯಲ್ಲಿ ಆ ಶಬ್ದಕ್ಕೆ ಬಿಡುವೇ ಇರಲಿಲ್ಲ. ಮೊಟ್ಟೆ ನಿಲ್ಲಿಸಿದ ಪಕ್ಕದ ಮನೆಯ ಕೋಳಿ ಡಯಾಪಾಸ್, ಅವ್ವನ ಜೊತೆ ಮಾತು ಬಿಟ್ಟ ಅಜ್ಜಿ ಡಯಾಪಾಸ್. ಊಟವಾದ ಮೇಲೆ ಅಡ್ಡಾಗಿದ್ದ ಅಪ್ಪನನ್ನು ತೋರಿಸಿ ನಾನು ಡಯಾಪಾಸ್ ಅಂದರೆ ಅಕ್ಕ ಒಪ್ಪುತ್ತಿರಲಿಲ್ಲ. ಅಪ್ಪ ಕರೆದರೆ ಏಳುತ್ತಾನೆ, ಅದು ಬರೀ ನಿದ್ದೆ ಎಂದು ತಿದ್ದುತ್ತಿದ್ದಳು. ಶಬ್ದವನ್ನು ಬೇಕಾದ ಹಾಗೆ ಬಳಸಲು ಬಿಡುತ್ತಿರಲಿಲ್ಲ.

ಊರ ಶಾಲೆ ಅವಳಿಗೆ ಮುಗಿದಿತ್ತು. ಮುಂದೆ ಓದಬೇಕೆಂದರೆ ಆದೋನಿಯ ಹೈಸ್ಕೂಲು, ಅಲ್ಲಿ ಸೋದರತ್ತೆಯ ಮನೆಯಲ್ಲಿ ಇರಬೇಕು. ಹುಡುಗಿಯನ್ನು ಕಳಿಸುವ ಮಾತೇ ಇಲ್ಲ ಎಂದು ಅಪ್ಪ ಹೇಳಿಬಿಟ್ಟಿದ್ದ. ಸಾಹೇಬರು ಹೋದ ಮೇಲೆ, ಅಷ್ಟು ತಿಂಗಳು ಉಪವಾಸ ಇರುವ ಹುಳ ಎಲ್ಲಾದರೂ ಉಂಟೇ ಎಂದು ಅಪ್ಪ ನಕ್ಕ. ಅಕ್ಕ ನಗಲಿಲ್ಲ.

“ಹುಳ ಎದ್ದು ಬಂದ್ರ ಏನ್ ಮಾಡ್ತಿ ಅಪ್ಪಾ?”

“ನೀ ಹೇಳಿದ್ದ ಮಾಡ್ತೀನಿ ಬಿಡವ್ವಾ.”

“ನನ್ನ ಆದೋನಿಗೆ ಕಳಸ್ತಿ?”

ಅಪ್ಪ ಎಲೆ ಅಡಿಕೆ ಅಗಿಯುವುದನ್ನು ನಿಲ್ಲಿಸಿದ. ಅಜ್ಜಿ, ಅವ್ವ ಇಬ್ಬರೂ ಅಲ್ಲೇ ಇದ್ದರು. ಎಲ್ಲರ ಎದುರು ಆಡಿದ ಮಾತಿನಿಂದ ಹಿಂದೆ ಸರಿಯುವ ಮನುಷ್ಯನಲ್ಲ.

“ಮಿರಗದ ಮಳಿ ಮುಗಿಯೋದ್ರೊಳಗ ಒಂದ ಒಂದು ಹುಳ ರೆಕ್ಕಿ ಬಿಚ್ಚಿ ಹಾರಲಿ. ಕಳಸ್ತೀನಿ.”

ಮಿರಗ ಎಂದರೆ ಮೃಗಶಿರೆ, ಜೂನ್ ತಿಂಗಳ ಮಳೆ. ಅಕ್ಕ ತನ್ನ ಉಡಿಯಲ್ಲಿದ್ದ ಜೋಡಿಕಾಳುಗಳನ್ನೆಲ್ಲ ಒಂದು ಖಾಲಿ ಔಷಧಿ ಬಾಟಲಿಗೆ ಹಾಕಿ, ಬಾಯಿಗೆ ತೆಳು ಬಟ್ಟೆ ಕಟ್ಟಿ, ನಡುಮನೆಯ ಗೋಡೆಯ ಗೂಡಿನಲ್ಲಿ ಇಟ್ಟಳು. ಮುಟ್ಟಿ ನೋಡುತ್ತೇನೆ ಎಂದು ನಾನು ಕೇಳಿದರೆ, “ನಿನ್ನ ಕೈಗೆ ಕೊಟ್ರ ಮುಗದಂಗ” ಅಂದಳು. ನನ್ನ ಕೀರ್ತಿ ಮನೆಯಲ್ಲಿ ಹಾಗೆಯೇ ಇತ್ತು. ಅಜ್ಜಿಯ ಎಲೆಚೀಲದ ಡಬ್ಬಿಯಲ್ಲಿ ಸುಣ್ಣದ ಬದಲು ಮೊಸರು ತುಂಬಿಟ್ಟವಳು ನಾನೇ.

ಹುಳ ಕೊಲ್ಲುವ ದಾರಿಯನ್ನೂ ಸಾಹೇಬರು ಹೇಳಿದ್ದರು. ವೈಶಾಖದ ಬಿಸಿಲಿನಲ್ಲಿ ಹತ್ತಿಕಾಳನ್ನು ಮಾಳಿಗೆಯ ಮೇಲೆ ತೆಳ್ಳಗೆ ಹರಡಬೇಕು. ಮಧ್ಯಾಹ್ನದ ನಾಲ್ಕು ತಾಸು ಸಾಕು, ಕಾಳಿಗೆ ಏನೂ ಆಗುವುದಿಲ್ಲ, ಒಳಗಿನ ಹುಳ ಬೆಂದುಹೋಗುತ್ತದೆ. ಊರಲ್ಲಿ ಮೊದಲು ಹರಡಿದ್ದು ನಮ್ಮ ಮನೆಯವರೇ. ಅಕ್ಕನೇ ಅಪ್ಪನ ಬೆನ್ನು ಹತ್ತಿ ಮಾಡಿಸಿದಳು. ಎದುರುಮನೆಯವರು ತಮ್ಮ ಮಾಳಿಗೆ ತುಂಬ ಮೆಣಸಿನಕಾಯಿ ಒಣಹಾಕಿದ್ದರು. ಅದು ಇಳಿದ ಮೇಲೆ ನೋಡೋಣ ಎಂದು ಹತ್ತಿಕಾಳನ್ನು ಕತ್ತಲೆಕೋಣೆಯಲ್ಲೇ ಬಿಟ್ಟಿದ್ದರು.

ಆ ದಿನ ಕಾಳು ಕಾಯುವ ಕೆಲಸ ನನ್ನದು. ತಲೆಗೆ ಒದ್ದೆ ಟವಲು ಸುತ್ತಿಕೊಂಡು ಆಗಾಗ ಏಣಿ ಹತ್ತಿ ಪಾರಿವಾಳ ಓಡಿಸಿ ಬರಬೇಕು. ಒಮ್ಮೆ ನೀರು ಕುಡಿಯಲು ಇಳಿದಾಗ ಅಕ್ಕ ಅವ್ವನ ಮುಂದೆ ಕೂತು, ಆದೋನಿಗೆ ಒಯ್ಯಲು ಯಾವ ಯಾವ ಲಂಗ ಎಂದು ಮಡಚಿಡುತ್ತಿದ್ದಳು. ಹುಳ ಇನ್ನೂ ಎದ್ದಿಲ್ಲ, ಇವಳ ಗಂಟು ಸಿದ್ಧ. ನಾವಿಬ್ಬರೂ ಹೊದೆಯುತ್ತಿದ್ದ ಕೌದಿಯನ್ನೂ ಮಡಚಿ ಆ ರಾಶಿಯ ಮೇಲಿಟ್ಟಿದ್ದಳು. ಅದು ನನ್ನದೂ ಅಲ್ಲವೇ ಎಂದೆ. ನಿನಗೆ ಅಜ್ಜಿ ಇದ್ದಾಳಲ್ಲ ಅಂದಳು. ತಪ್ಪು ಮಾತೇನಲ್ಲ. ಆದರೆ ಅವಳು ಹೋದರೆ ಅಜ್ಜಿಯ ಕಾಲು ಒತ್ತುವುದು, ನೀರು ಹೊರುವುದು ಎಲ್ಲ ನನ್ನ ಪಾಲಿಗೆ. ಅದಕ್ಕಿಂತ ಹೆಚ್ಚಾಗಿ, ಅವಳಿಲ್ಲದ ಮನೆ ಹೇಗಿರುತ್ತದೆ ಎಂದು ನನಗೆ ಅವತ್ತೇ ಮೊದಲು ಹೊಳೆಯಿತು.

ಗೂಡಿನಿಂದ ಬಾಟಲಿ ತೆಗೆದುಕೊಂಡು ಲಂಗದಲ್ಲಿ ಮುಚ್ಚಿ ಮಾಳಿಗೆ ಹತ್ತಿದೆ. ಕಾಳಿನ ನಡುವೆ ಇಟ್ಟೆ. ಯಾರಾದರೂ ಕೇಳಿದರೆ ಮನೆಯ ಕಾಳೆಲ್ಲ ಬಿಸಿಲಿಗೆ ಹಾಕು ಅಂದಿದ್ದರಲ್ಲ ಎನ್ನಲು ಉತ್ತರವನ್ನೂ ಸಿದ್ಧ ಮಾಡಿಕೊಂಡೆ. ಆ ಉತ್ತರವನ್ನು ಬಹಳ ವರ್ಷ ನನಗೆ ನಾನೇ ಹೇಳಿಕೊಂಡೆ. ಈಗ ಎಂಬತ್ತರ ಹತ್ತಿರ ಬಂದು ಸುಳ್ಳು ಹೇಳಿ ಯಾರನ್ನು ಮೆಚ್ಚಿಸಲಿ? ಬಿಸಿಲು ಹುಳವನ್ನು ಕೊಲ್ಲುತ್ತದೆಂದು ಸಾಹೇಬರು ಹೇಳಿದಾಗ ನಾನು ಅಲ್ಲೇ ಕೂತಿದ್ದೆ.

ಹೊತ್ತು ಇಳಿದ ಮೇಲೆ ಬಾಟಲಿಯನ್ನು ಗೂಡಿಗೆ ತಂದಿಟ್ಟೆ. ಗಾಜು ಕೈ ಸುಡುತ್ತಿತ್ತು. ಯಾರೂ ಕೇಳಲಿಲ್ಲ.

ರೋಹಿಣಿ ಮಳೆ ಬಂತು. ಅಕ್ಕ ಬೆರಳು ಅದ್ದಿ ಬಾಟಲಿಯೊಳಗೆ ಹನಿ ಹನಿ ನೀರು ಚಿಮುಕಿಸಿದಳು. ದಿನಾ ಎದ್ದ ಕೂಡಲೇ ಮುಖ ತೊಳೆಯದೆ ಗೂಡಿನ ಹತ್ತಿರ ಹೋಗುತ್ತಿದ್ದಳು. ಇನ್ನೂ ಗಡುವು ಮುಗಿದಿಲ್ಲ, ಒಳ್ಳೆಯ ಕಾಲ ಬಂದ ಕೂಡಲೇ ಏಳುವುದಿಲ್ಲ, ಸಾಹೇಬರೇ ಹೇಳಿದ್ದಾರೆ ಎಂದು ನನಗೆ ಸಮಾಧಾನ ಹೇಳುತ್ತಿದ್ದಳು. ನನಗೆ! ನಾನು ಹೂಂ ಎನ್ನುತ್ತಿದ್ದೆ. ಮಿರಗದ ಮಳೆ ಹಿಡಿದ ಮೇಲೆ ಅಪ್ಪನೂ ಹೊಲಕ್ಕೆ ಹೊರಡುವ ಮುಂಚೆ, ಯಾರೂ ನೋಡುತ್ತಿಲ್ಲ ಎಂದುಕೊಂಡು, ಬಾಟಲಿಯನ್ನು ಬೆಳಕಿಗೆ ಹಿಡಿದು ನೋಡುವುದನ್ನು ಕಂಡೆ. ಸೋಲಬೇಕೆಂದು ಅವನಿಗೂ ಇತ್ತು. ಮಗಳನ್ನು ಓದಿಸಲು ಊರಿನ ಮುಂದೆ ಅವನಿಗೊಂದು ನೆಪ ಬೇಕಿತ್ತು. ಆ ನೆಪವನ್ನೂ ನಾನೇ ಬೇಯಿಸಿದ್ದೆ.

ಮಿರಗದ ಕೊನೆಯ ದಿನ ಅಕ್ಕ ಬಟ್ಟೆ ಬಿಚ್ಚಿ ಕಾಳುಗಳನ್ನು ಅಂಗೈಗೆ ಸುರಿದುಕೊಂಡು ಒಂದೊಂದಾಗಿ ಬಿಡಿಸಿದಳು. ಎಲ್ಲ ಹುಳಗಳೂ ಕಪ್ಪಗೆ, ಸೊರಗಿ, ಜೀರಿಗೆಯ ಹಾಗೆ ಆಗಿದ್ದವು. ಅವಳು ಅಳಲಿಲ್ಲ. ಅಪ್ಪ ಪಡಸಾಲೆಯಲ್ಲಿ ಕಾಯುತ್ತಿದ್ದ. ಸತ್ತಿವೆ ಎಂದಷ್ಟೇ ಹೇಳಿದಳು. ಅಪ್ಪ ಆಯಿತು ಬಿಡವ್ವಾ ಎಂದು ಎದ್ದು ಹೋದ. ಮಡಚಿದ ಲಂಗಗಳು ಮತ್ತೆ ಗೂಟಕ್ಕೆ ಬಂದವು, ಕೌದಿ ನಮ್ಮಿಬ್ಬರ ಮೇಲೆ ಬಂತು. ನಾನು ಬಯಸಿದ್ದು ಸಿಕ್ಕಿತ್ತು.

ಸಿಕ್ಕಿದ್ದು ಎಂಟು ತಿಂಗಳು ಮಾತ್ರ. ಮಾಘದಲ್ಲಿ ಅಕ್ಕನನ್ನು ಗೋನೆಗಂಡ್ಲಕ್ಕೆ ಕೊಟ್ಟರು. ಒಳ್ಳೆಯ ಮನೆ, ಅದರಲ್ಲಿ ಎರಡು ಮಾತಿಲ್ಲ. ಮೊದಲ ಹೆರಿಗೆಗೆ ಬಂದಾಗ, ಅಲ್ಲಿ ಹೇಗಿದ್ದೀ ಯಕ್ಕಾ ಎಂದು ಕೇಳಿದೆ. ಡಯಾಪಾಸ್ ಅಂದಳು. ನಾನು ನಕ್ಕೆ. ಶಬ್ದವನ್ನು ಬೇಕಾದ ಹಾಗೆ ಬಳಸುವವಳಲ್ಲ ಅವಳು, ಅದನ್ನು ಮರೆತು ನಕ್ಕೆ. ಎರಡನೆಯ ಹೆರಿಗೆಗೆ ಬಂದಾಗ ಮತ್ತೆ ಕೇಳಿದೆ. ಚೆನ್ನಾಗಿದ್ದೀನಿ ಅಂದಳು. ಆಮೇಲೆ ಆ ಶಬ್ದ ಅವಳ ಬಾಯಲ್ಲಿ ನಾನು ಕೇಳಲಿಲ್ಲ.

ಅವಳಿಗೆ ಐದು ಮಕ್ಕಳಾದವು, ಹೆಣ್ಣುಮಕ್ಕಳಿಬ್ಬರನ್ನೂ ಜಗಳವಾಡಿ ಓದಿಸಿದಳು. ಈಗಲೂ ಗೋನೆಗಂಡ್ಲದಲ್ಲೇ ಇದ್ದಾಳೆ. ಕಿವಿ ಪೂರ್ತಿ ಹೋಗಿದೆ. ಬಾಟಲಿಯ ವಿಷಯ ಹೇಳಬೇಕೆಂದು ನಾಲ್ಕೈದು ಸಲ ಹೋಗಿ ಬಂದೆ. ಆದರೆ ಅವಳಿಗೆ ಕೇಳುವ ಹಾಗೆ ಕೂಗಿದರೆ ಬಸ್ ನಿಲ್ದಾಣದವರೆಗೂ ಕೇಳುತ್ತದೆ. ಸೊಸೆ ಮೊಮ್ಮಕ್ಕಳ ನಡುವೆ ಅದನ್ನು ಕೂಗುವ ಧೈರ್ಯ ಬರಲಿಲ್ಲ. ಅವಳು ಫೋನಿನಲ್ಲಿ ಬರೆದದ್ದನ್ನು ಓದುತ್ತಾಳೆ, ಒಂದು ಬೆರಳಲ್ಲಿ ಬರೆಯುತ್ತಾಳೆ. ನಾನು ಟೈಪ್ ಕಲಿತದ್ದು ಅದಕ್ಕೇ. ಮೊಮ್ಮಗಳಿಗೆ ಬೇರೆ ಏನೋ ಕಾರಣ ಹೇಳಿದ್ದೇನೆ.

ಮೂರು ದಿನ ಹಿಡಿಯಿತು. ಎಲ್ಲ ಬರೆದೆ: ಲಂಗದಲ್ಲಿ ಮುಚ್ಚಿ ಒಯ್ದದ್ದು, ಗಾಜು ಸುಟ್ಟದ್ದು, ಹೂಂ ಎಂದದ್ದು. ಬಿಸಿಲಿಗೆ ಇಟ್ಟಿದ್ದಕ್ಕೆ ಕ್ಷಮಿಸು ಯಕ್ಕಾ ಎಂದು ಮುಗಿಸಿ ಕಳಿಸಿದೆ. ಅವಳು ಓದಿದಳೆಂದು ಫೋನು ತೋರಿಸಿತು. ಆ ದಿನ ಉತ್ತರವಿಲ್ಲ. ಮರುದಿನವೂ ಇಲ್ಲ. ಬೈದರೆ ಬೈಯಲಿ, ನಕ್ಕರೆ ಇನ್ನೂ ಒಳ್ಳೆಯದು ಎಂದು ಫೋನನ್ನು ಸೊಂಟದಲ್ಲೇ ಸಿಕ್ಕಿಸಿಕೊಂಡು ತಿರುಗಿದೆ.

ಮೂರನೆಯ ದಿನ ಅಡಿಗೆಮನೆಯಲ್ಲಿದ್ದಾಗ ಬಂತು.

“ಇಟ್ಟಿದ್ದು ಇರ್ಲಿ ಬಿಡು. ಹುಡುಗಾಟಕಿ. ಅವತ್ತ ಸಂಜಿಕ ಯಾಕ ಹೇಳಲಿಲ್ಲ? ಎದುರುಮನ್ಯಾಗಿನ ಕಾಳು ಇನ್ನಾ ನೆರಳಾಗ ಇದ್ದುವಲ್ಲ. ಇನ್ನೊಂದು ಬಾಟ್ಲಿ ತುಂಬಕೊಂತಿದ್ದೆ.”

ಒಲೆ ಆರಿಸಿ ಕೂತೆ. ಇಷ್ಟು ವರ್ಷ ನಾನು ಆ ನಾಲ್ಕು ತಾಸಿನ ಬಿಸಿಲಿಗೆ ಮಾತ್ರ ಮರುಗುತ್ತಾ ಬಂದಿದ್ದೆ. ಎದುರುಮನೆಯ ಮಾಳಿಗೆಯ ಮೆಣಸಿನಕಾಯಿ ಇನ್ನೂ ಹತ್ತು ದಿನ ಅಲ್ಲೇ ಇತ್ತು, ಅವರ ಹತ್ತಿಕಾಳು ಕತ್ತಲೆಕೋಣೆಯಲ್ಲೇ ಇತ್ತು. ಅದರ ಘಾಟಿಗೆ ನಮ್ಮ ಮನೆಯವರೆಲ್ಲ ಸೀನುತ್ತಿದ್ದರು. ಅಕ್ಕನ ಪಕ್ಕದಲ್ಲಿ ಮಲಗಿ ನಾನೂ ಸೀನಿದ್ದೆ. ಹತ್ತು ದಿನ, ಪ್ರತಿ ದಿನವೂ, ಬಾಯಿ ತೆರೆದು ಒಂದು ಮಾತು ಹೇಳಿದ್ದರೆ ಸಾಕಿತ್ತು.

ಉತ್ತರ ಬರೆಯಬೇಕು. ಬೆರಳು ಅಕ್ಷರಗಳ ಮೇಲೆ ಇಡುತ್ತೇನೆ, ಮತ್ತೆ ತೆಗೆಯುತ್ತೇನೆ. ಒಂಬತ್ತನೇ ವಯಸ್ಸಿನಲ್ಲಿ ನಾನು ಸಿದ್ಧ ಮಾಡಿಕೊಂಡ ಉತ್ತರ ಬಾಟಲಿ ಇಟ್ಟಿದ್ದಕ್ಕೆ, ಅವಳು ಕೇಳಿದ್ದು ಅದನ್ನಲ್ಲ.