ಒಬ್ಬನೇ ಮಾತಾಡಿದ ಪರಲೋಕ

ಇವತ್ತು ಮಧ್ಯಾಹ್ನ ಡ್ಯೂಟಿ ಮುಗಿಸಿ ಬಂದು ಚಹಾ ಮಾಡಿ, ಸಕ್ಕರೆಯೆಂದು ಉಪ್ಪು ಹಾಕಿಕೊಂಡೆ. ನೀವಾದರೆ ಚೆಲ್ಲುತ್ತಿದ್ದಿರಿ. ನಾನು ಕುಡಿದೆ, ಪಕ್ಕದ ಮನೆಯ ಓಯುನ್ ನೆನಪಾದಳು. ಮಂಗೋಲಿಯಾದವಳು, ಚಹಾಕ್ಕೆ ಉಪ್ಪೇ ಹಾಕುವವಳು. ಹುಬ್ಬಳ್ಳಿಯಿಂದ ಈ ಪರದೇಶದ ಮೌಂಟ್ ರಾಸ್ಕಿಲ್‌ಗೆ, ನನ್ನ ಮನೆಗೆ ಬಂದಿದ್ದ ಅವ್ವ ಅವಳನ್ನು ಓಯವ್ವ ಮಾಡಿಬಿಟ್ಟಿದ್ದಳು.

ಆ ಸಲ ಅಪ್ಪನೂ ಬಂದಿದ್ದ. ನಮ್ಮ ಸೋಫಾದ ಮೇಲೆ ಕೂತಲ್ಲೇ ಹೋಗಿಬಿಟ್ಟ. ನಾನು ನರ್ಸು, ಸಾವಿನ ಜೊತೆ ನನ್ನದು ಶಿಫ್ಟಿನ ಸಂಬಂಧ. ಓಡಾಡಿ ಎಲ್ಲ ಮುಗಿಸಿದೆ. ಅಸ್ಥಿ ಸಮುದ್ರಕ್ಕೆ ಬಿಟ್ಟೆವು. ಅವ್ವನ ವೀಸಾ ಮುಗಿಯುತ್ತ ಬಂತು. ಅವಳು ಸೂಟ್‌ಕೇಸ್ ಮುಟ್ಟಲೊಲ್ಲಳು.

“ಯಮನ ಕಡಿಯಿಂದ ಬಂದಾಂವ ಈ ಊರಾಂವನಽ ಇರ್ತಾನ. ಅವ ಏನ್ ಕೇಳ್ತಾನೋ, ಇವ್ರು ಏನ್ ಹೇಳ್ತಾರೋ. ಒಬ್ಬರನ್ನಽ ಬಿಟ್ಟು ಹೆಂಗ ಹೋಗ್ಲಿ?”

ಅಪ್ಪನಿಗೆ ಕನ್ನಡ ಬಿಟ್ಟರೆ ಬೇರೆ ಬರುತ್ತಿರಲಿಲ್ಲ, ನಿಜ. ಮೂಲೆಯ ಡೈರಿಯಲ್ಲಿ, ಅಂದರೆ ಇಲ್ಲಿನ ಕಿರಾಣಿ ಅಂಗಡಿಯಲ್ಲಿ, ಮೊಸರು ಕೇಳಿ ಬೆಣ್ಣೆ ತರುತ್ತಿದ್ದ. ಆದರೂ ನಾನು ಅವ್ವನಿಗೆ ವಿಜ್ಞಾನ ಹೇಳಿದೆ.

“ನೀ ಹೋಗಿ ನೋಡ್ಕೊಂಡ್ ಬಂದೀಯೇನು?” ಎಂದಳು. ಹೋಗಿರಲಿಲ್ಲ.

ಒಂದು ಭಾನುವಾರ ಓಯುನ್ ತನ್ನ ಮನೆಗೆ ಸಿನಿಮಾ ನೋಡಲು ಕರೆದಳು. ಕೊರಿಯಾದ ಚಿತ್ರ, ಮಂಗೋಲಿಯನ್ ಡಬ್ಬಿಂಗ್. ಸತ್ತ ಬಸ್ ಡ್ರೈವರನೊಬ್ಬ ದೋಣಿ ಹತ್ತಿ, ಮಂಜು ದಾಟಿ, ದೊಡ್ಡ ಕಿರೀಟದವನ ಮುಂದೆ ನಿಲ್ಲುತ್ತಾನೆ. ಡಬ್ಬಿಂಗ್‌ಗೆ ಒಬ್ಬನೇ ಗಂಡಸು. ಸತ್ತವನ ಮಾತೂ ಅವನದೇ, ಕಿರೀಟದವನದೂ ಅವನದೇ. ಗೋಳಾಡುವ ಹೆಂಡತಿಯದನ್ನೂ ಹವಾಮಾನ ವರದಿಯ ಹಾಗೆ ಓದುತ್ತಿದ್ದ. ನನಗೆ ನಗು ತಡೆಯಲಾಗಲಿಲ್ಲ. ಅವ್ವ ನಗಲಿಲ್ಲ.

“ಇವ್ರದು ಯಾವ ಭಾಷಾ?”

“ಕೊರಿಯನ್.”

“ಈಗ ಕೇಳಾಕತ್ತಿದ್ದು?”

“ಮಂಗೋಲಿಯನ್. ಓಯುನ್‌ಗ ತಿಳೀಲಿ ಅಂತ ಒಬ್ಬಾಂವ ಎಲ್ಲಾರದೂ ಹೇಳಾಕತ್ತಾನ.”

ಅವ್ವ ಪರದೆಯತ್ತ ಬೆರಳು ಮಾಡಿದಳು. “ಹಂಗಾರ ಭಾಷಾ ಬರದವ್ರಿಗೆ ಹೇಳಾಕ ಅಲ್ಲಿ ಒಬ್ಬಾಂವ ಇರ್ತಾನ,” ಎಂದಳು. ಮನೆಗೆ ಬಂದವಳೇ ಸೂಟ್‌ಕೇಸ್ ಇಳಿಸಿ ಸೀರೆ ಮಡಚತೊಡಗಿದಳು. ನಾನು ಬಚ್ಚಲಿಗೆ ಹೋಗಿ ಬಾಗಿಲು ಹಾಕಿಕೊಂಡು ಅತ್ತೆ. ಅಪ್ಪ ಹೋದ ಮೇಲೆ ಅದೇ ಮೊದಲು.

ಈಗಷ್ಟೇ ಹುಬ್ಬಳ್ಳಿಗೆ ಫೋನ್ ಹಚ್ಚಿದ್ದೆ.

“ನಿಮ್ಮಪ್ಪ ಕನಸಿನ್ಯಾಗ ಬಂದಿದ್ರು,” ಅಂದಳು ಅವ್ವ.

“ಏನಂದ್ರು?”

“ಏನೂ ತಿಳೀಲಿಲ್ಲ ನೋಡವಾ. ಅಲ್ಲೀ ಭಾಷಾ ಕಲ್ತಾರ. ಆರಾಮ ಕಂಡ್ರು.”

ವಿಜ್ಞಾನ ಹೇಳುವ ನಾನು ಕೇಳಿಯೇಬಿಟ್ಟೆ: “ನನ್ನ ಬಗ್ಗೆ ಏನರ ಅಂದ್ರೇನು?”

“ಏನಂದ್ರೋ ಯಾರಿಗ್ಗೊತ್ತು. ನಡುನಡುವ ನಿನ್ನ ಹೆಸರು ಬಂತು. ಅದೊಂದು ತಿಳೀತು.”