ಅಂದಾಜಪ್ಪ
ವಯಸ್ಸಾದವರಿಗೂ ಕಣ್ಣು ಕಾಣದವರಿಗೂ ಸರ್ಕಾರದ ಪಿಂಚಣಿ ಸಿಗುತ್ತದೋ ಇಲ್ಲವೋ ಎಂದು ಅರ್ಜಿ ಹಾಕುವ ಮುಂಚೆಯೇ ನೋಡಿ ಹೇಳುವುದು ತಾಲ್ಲೂಕು ಕಚೇರಿಯ ಮೂರನೇ ಕಿಟಕಿಯ ಗುಮಾಸ್ತರ ಕೆಲಸ. "ಇದು ಅಂದಾಜು ಅಷ್ಟೇ, ಆದೇಶ ಅಲ್ಲ" ಎಂದು ದಿನಕ್ಕೆ ನೂರು ಸಲ ಹೇಳಿ ಹೇಳಿ ಕಚೇರಿಯಲ್ಲಿ ಅವರಿಗೆ ಅಂದಾಜಪ್ಪ ಎಂಬ ಹೆಸರೇ ಬಿದ್ದಿದೆ. ಮನೆಯಲ್ಲಿ ಹೆಂಡತಿ ಟೈಮೆಷ್ಟು ಎಂದು ಕೇಳಿದರೂ ಅದೇ ಉತ್ತರ ಕೊಡುತ್ತಾರೆಂದು ಜೊತೆಯವರ ತಮಾಷೆ. ಕಣ್ಣು ಕಾಣದ ಅಜ್ಜಿಯ ಬದಲು ಸೊಸೆ ಬಾಯಿ ಹಾಕಿದರೆ, "ಅಮ್ಮಾ, ನಾನು ಕೇಳಿದ್ದು ಅವರನ್ನ" ಎಂದು ತಡೆಯುತ್ತಾರೆ. ಸಹಿಯ ಜಾಗದ ಮೇಲೂ ಕೆಳಗೂ ಒಂದೊಂದು ಸ್ಕೇಲ್ ಇಟ್ಟು, ಅಜ್ಜಿಯ ಬೆರಳನ್ನು ನಡುವೆ ತಂದು, "ಇಷ್ಟೂ ಜಾಗ ನಿಮ್ಮದೇ, ನಿಧಾನವಾಗಿ ಬರೀರಿ" ಎನ್ನುತ್ತಾರೆ. ವಯಸ್ಸಿನ ವಿಷಯಕ್ಕೆ ಬಂದರೆ ಮಾತ್ರ ಜಪ್ಪಯ್ಯ ಅಂದರೂ ಜಗ್ಗುವುದಿಲ್ಲ. "ಹತ್ತು ತಿಂಗಳು ಕಮ್ಮಿ, ಅಷ್ಟೇ ತಾನೆ ಸ್ವಾಮಿ, ಹೇಗೋ ಬರ್ಕೊಳ್ಳಿ" ಎಂದು ಯಾರಾದರೂ ಹಿರಿಯರು ಕೈಮುಗಿದರೆ, "ಕಾಯ್ಬೇಕು ಯಜಮಾನ್ರೇ" ಎಂದು ತಲೆ ತಗ್ಗಿಸುತ್ತಾರೆ. ಹಾಗೆ ವಾಪಸು ಹೋದವರ ವಿಳಾಸಗಳನ್ನು ಒಂದೊಂದು ಕಾರ್ಡಿನ ಮೇಲೆ ಬರೆದು, ವಯಸ್ಸು ತುಂಬುವ ತಾರೀಖಿನ ಪ್ರಕಾರ ಜೋಡಿಸಿ ಡ್ರಾಯರಿನಲ್ಲಿ ಇಟ್ಟುಕೊಂಡಿದ್ದಾರೆ. ಹೀಗೆ ಮಾಡಿ ಎಂದು ಅವರಿಗೆ ಯಾರೂ ಹೇಳಿಲ್ಲ. ಆ ದಿನ ಬಂದಾಗ "ಈಗ ಬನ್ನಿ" ಎಂದು ಬರೆದು ತಾವೇ ಅಂಚೆಗೆ ಹಾಕುತ್ತಾರೆ. ಕೆಲವು ಕಾರ್ಡುಗಳು, ವಿಳಾಸದಾರರು ತೀರಿಕೊಂಡಿದ್ದಾರೆ ಎಂಬ ಅಂಚೆಯವನ ಷರಾ ಹೊತ್ತು ಹಿಂದಿರುಗುತ್ತವೆ. ಅವನ್ನು ಅವರು ಎಸೆಯುವುದಿಲ್ಲ. ಷರಾದ ಕೆಳಗೆ "ಅರ್ಹರು" ಎಂದು ಬರೆದು, ತಾರೀಖು ಹಾಕಿ, ಸಹಿ ಮಾಡುತ್ತಾರೆ. ಅಂದಾಜು ಎಂಬ ಮಾತು ಅಲ್ಲಿ ಮಾತ್ರ ಬರುವುದಿಲ್ಲ.