ಶೆರಿಫನ ಕತ್ತಿ ಹೊತ್ತವನು

ವಿಲ್ಫ್ ಟನಿಕ್ಲಿಫ್‌ನನ್ನು ಈ ಜನವರಿಯಲ್ಲಿ ಮಣ್ಣು ಮಾಡಿದಾಗ ಆಲ್ಡರ್‌ವಿಚ್ ಪಟ್ಟಣ ಸಭೆ ಹೂವಿನ ಚಕ್ರವೊಂದನ್ನು ಕಳಿಸಿತ್ತು. ಅದರ ಚೀಟಿಯಲ್ಲಿ 'ಶೆರಿಫರ ನಿಷ್ಠಾವಂತ ಸೇವಕ' ಎಂದು ಬರೆದಿತ್ತು. ಬದುಕಿದ್ದರೆ ವಿಲ್ಫ್ ಆ ಚೀಟಿಯ ಮೇಲೆ ಉಗಿಯುತ್ತಿದ್ದ.

ಮೂವತ್ತು ವರ್ಷ ಅವನು ಬೆಳ್ಳಿ ಗುಂಡಿಯ ನೌಕರರ ಕೋಟು ತೊಟ್ಟು, ಪಟ್ಟಣದ ಶೆರಿಫನ ಮುಂದೆ ಕತ್ತಿ ಹಿಡಿದು ನಡೆದವನು. ಆ ಕತ್ತಿಯಿಂದ ಬೆಣ್ಣೆ ಕೊಯ್ಯಲೂ ಆಗದು ಎಂದು ಅವನೇ ಹೇಳುತ್ತಿದ್ದ. ಶೆರಿಫನ ಕಥೆಯೂ ಅಷ್ಟೇ. ಕಳ್ಳರನ್ನು ಹಿಡಿಯುವ ಕೆಲಸ ಪೊಲೀಸರ ಪಾಲಾಗಿ ಎಷ್ಟೋ ಕಾಲವಾಗಿತ್ತು. ಉಳಿದದ್ದು ಒಂದು ಮಖಮಲ್ ಕೋಟು, ಕುತ್ತಿಗೆಗೆ ಲೇಸು, ಬಕಲ್ ಹಾಕಿದ ಬೂಟು, ವರ್ಷಪೂರ್ತಿ ಔತಣ. ಪ್ರತಿ ಮೇ ತಿಂಗಳಲ್ಲೂ ಪಟ್ಟಣ ಸಭೆ ಹೊಸಬನೊಬ್ಬನನ್ನು ಆರಿಸುತ್ತಿತ್ತು. ವಿಲ್ಫ್ ಅವನಿಗೆ ಬಟ್ಟೆ ತೊಡಿಸುತ್ತಿದ್ದ. ಎಲ್ಲರಿಗೂ ಅದೇ ಕೋಟು. ಮಖಮಲ್ಲನ್ನು ಒಗೆಯುವಂತಿರಲಿಲ್ಲವಾದ್ದರಿಂದ ಅದರ ಕಂಕುಳಲ್ಲಿ ಎಷ್ಟೋ ಶೆರಿಫರ ಬೆವರು ನುಸಿಗುಳಿಗೆಯ ವಾಸನೆಯೊಂದಿಗೆ ಸೇರಿ ಹುದುಗಿತ್ತು.

ಉಳಿದ ದಿನಗಳಲ್ಲಿ ಅವನು ನೀರಿನ ಪೈಪು ರಿಪೇರಿ ಮಾಡುವವನು. ತಣ್ಣೀರಿನಲ್ಲಿ ಕೆಲಸ ಮಾಡಿ ಮಾಡಿ ಬೆರಳ ಗೆಣ್ಣುಗಳು ಊದಿ, ಸೊಟ್ಟಗಾಗಿದ್ದವು. ಮದುವೆಯಾಗಲಿಲ್ಲ. ಕಾಲುವೆ ಪಕ್ಕದ ಇಟ್ಟಿಗೆ ಮನೆಯಲ್ಲಿ ಅಕ್ಕ ಎನಿಡ್ ಜೊತೆಗಿದ್ದ. ಶೆರಿಫನ ಪದಗ್ರಹಣ ಮುಗಿಸಿ ಬಂದಾಗಲೆಲ್ಲ ಅವಳು ಚಹಾ ಸುರಿಯುತ್ತಾ ಕೇಳುತ್ತಿದ್ದಳು:

"ಈ ಸಲ ಯಾರ ಹೊಟ್ಟೆಗೆ ಕೋಟು ಹಾಕ್ಬಂದೆಯೋ?"

"ಮಾಂಸದಂಗಡಿಯೋನು. ಗುಂಡಿ ಹಾಕೋವಾಗ ಉಸಿರು ಹಿಡ್ಕೊಂಡಿದ್ದ. ಭಾಷಣ ಮಾಡೋವಾಗ ಬಿಟ್ಟ."

"ಗುಂಡಿ ಎಷ್ಟು ಹಾರಿದ್ವು?"

"ಎರಡು. ಒಂದು ಪಾದ್ರಿ ಸೂಪಿಗೆ ಬಿತ್ತು."

ನಗುವ ವಿಷಯದಲ್ಲಿ ಆ ಮನೆಗೆ ಬಡತನವಿರಲಿಲ್ಲ.

ಎನಿಡ್‌ಗೆ ಒಂದು ಚಳಿಗಾಲ ಲಕ್ವ ಹೊಡೆಯಿತು. ಊದಿದ ಆ ಬೆರಳುಗಳಲ್ಲಿ ವಿಲ್ಫ್ ಅವಳನ್ನು ಎತ್ತಿ ಮಲಗಿಸಲಾರದೆ ಹೋದ. ಊರಾಚೆ ಡೆನಿಸ್ ಬ್ಲೋರ್ ಎಂಬಾತ ನಡೆಸುತ್ತಿದ್ದ ಮುದುಕರ ಆರೈಕೆ ಮನೆಗೆ ಸೇರಿಸಿದ. ಫೆಬ್ರವರಿಯಲ್ಲಿ ಜ್ವರ ಹರಡಿದೆಯೆಂದು ಅಲ್ಲಿನವರು ಹನ್ನೊಂದು ದಿನ ಯಾರನ್ನೂ ಒಳಗೆ ಬಿಡಲಿಲ್ಲ. ಹನ್ನೆರಡನೆಯ ದಿನ ವಿಲ್ಫ್ ಅವಳ ಕೋಣೆಯ ಬಾಗಿಲು ತೆಗೆದಾಗ ಕೊಳೆತ ಎಲೆಕೋಸಿನಂಥ ವಾಸನೆ ಮುಖಕ್ಕೆ ರಾಚಿತು. ಹೊದಿಕೆ ಎತ್ತಿದ. ಹನ್ನೊಂದು ದಿನವೂ ಅದೇ ಹಾಸು. ಬೆನ್ನಿನ ಹುಣ್ಣಿಗೆ ಬಟ್ಟೆ ಅಂಟಿಕೊಂಡು ಬಿಡಿಸಲು ಬರುತ್ತಿರಲಿಲ್ಲ. ಎನಿಡ್ ಮಾರ್ಚಿನಲ್ಲಿ ತೀರಿಕೊಂಡಳು. ವಿಲ್ಫ್ ಬರೆದ ದೂರಿಗೆ, 'ಆದ ಅನಾನುಕೂಲಕ್ಕೆ ವಿಷಾದಿಸುತ್ತೇವೆ' ಎಂಬ ಒಂದು ಸಾಲಿನ ಉತ್ತರ ಬಂತು.

ಮೇ ತಿಂಗಳಿಗೆ ಪಟ್ಟಣ ಸಭೆ ಆರಿಸಿದ ಶೆರಿಫ್, ಡೆನಿಸ್ ಬ್ಲೋರ್.

ವಿಲ್ಫ್ ಕೆಲಸ ಬಿಡುತ್ತಾನೆಂದು ಎಲ್ಲರೂ ಅಂದುಕೊಂಡರು. ಅವನು ಬಿಡಲಿಲ್ಲ, ಅದಕ್ಕೆ ಕಾರಣವಿತ್ತು. ಆ ಊರಲ್ಲಿ ಹೊಸ ಶೆರಿಫ್ ಅಧಿಕಾರ ವಹಿಸಿಕೊಳ್ಳುವ ಮುನ್ನ ಸಭಾಂಗಣದ ಬೀದಿ ಬಾಗಿಲು ತೆರೆಯುತ್ತಾರೆ. ಕತ್ತಿ ಹಿಡಿದವನು ಹೊಸ್ತಿಲಲ್ಲಿ ನಿಂತು, "ಈ ಮನುಷ್ಯನ ಮೇಲೆ ಯಾರಿಗಾದರೂ ದೂರಿದೆಯೇ?" ಎಂದು ಮೂರು ಸಲ ಬೀದಿಗೆ ಕೂಗುತ್ತಾನೆ. ಪ್ರತಿ ಸಲವೂ ಒಳಗೆ ತಿರುಗಿ, "ಯಾರಿಗೂ ಇಲ್ಲ" ಎನ್ನುತ್ತಾನೆ. ಹಿಂದಿನ ಮೂವತ್ತು ಮೇ ತಿಂಗಳುಗಳಲ್ಲಿ ವಿಲ್ಫ್ ತೊಂಬತ್ತು ಸಲ ಹಾಗೆಂದಿದ್ದ. ಈ ಸಲ ಅನ್ನಬಾರದು. ಎನಿಡ್‌ಗೆ ಆದದ್ದನ್ನು ಇಡೀ ಸಭೆಯೆದುರು ಹೇಳಿಯೇ ತೀರಬೇಕು. ಅಷ್ಟಕ್ಕಾಗಿಯೇ ಅವನು ಆ ದಿನ ಬ್ಲೋರ್‌ನ ಕಾಲ ಬಳಿ ಮಂಡಿಯೂರಿ ಬೂಟಿನ ಬಕಲ್ ಬಿಗಿದ.

"ವಿಲ್ಫ್, ನಿಮ್ಮಕ್ಕನ ವಿಷಯ ಕೇಳ್ದೆ. ಪಾಪ, ಒಳ್ಳೇ ಹೆಂಗಸು."

"ನೋಡಿದ್ರಾ ಅವಳನ್ನ?"

"ಎಂಬತ್ತು ಜನ ಇದಾರೆ ಮಾರಾಯ, ಎಲ್ರನ್ನೂ ಎಲ್ಲಿ ನೋಡೋಕಾಗತ್ತೆ? ಕುತ್ತಿಗೆ ಲೇಸು ಸ್ವಲ್ಪ ಬಿಗಿ ಮಾಡು, ಜಾರ್ತಿದೆ."

ವಿಲ್ಫ್ ಎದ್ದು ಬಿಗಿ ಮಾಡಿದ. ಬ್ಲೋರ್‌ನ ಪೆಪ್ಪರ್‌ಮಿಂಟ್ ವಾಸನೆಯ ಬಿಸಿಯುಸಿರು ಅವನ ಮುಖಕ್ಕೆ ಬಡಿಯುತ್ತಿತ್ತು. ಲೇಸಿನ ಮೇಲೆ ಉಕ್ಕಿದ ಕೊಬ್ಬಿದ ಕುತ್ತಿಗೆ ಬೆರಳಿಗೆ ತಾಕಿತು.

ಬಾಗಿಲು ತೆರೆಯಿತು. ಅವನು ಕೂಗಿದ. ಬೀದಿಯಿಂದ ಸಂತೆಯ ಗದ್ದಲವಷ್ಟೇ ಕೇಳಿಸಿತು. ಒಳಗೆ ತಿರುಗಿದ. "ಯಾರಿಗೂ ಇಲ್ಲ" ಎಂದುಬಿಟ್ಟಿತು ಬಾಯಿ. ಅವನು ಹೇಳಲಿಲ್ಲ, ಬಾಯಿ ಹೇಳಿತು. ಎರಡನೆಯ ಸಲ ಹಲ್ಲು ಕಚ್ಚಿಕೊಂಡೇ ತಿರುಗಿದ. ಆದರೂ ಅದೇ ಮಾತು ಜಾರಿ ಬಿತ್ತು. ಬ್ಲೋರ್‌ಗಿಂತ ಹೆಚ್ಚು ಹೇಸಿಗೆ ಆ ಗಳಿಗೆಯಲ್ಲಿ ಅವನಿಗೆ ತನ್ನ ನಾಲಗೆಯ ಮೇಲೆ ಹುಟ್ಟಿತು.

ಮೂರನೆಯ ಸಲ ಕೂಗಿ, ತಿರುಗಿ, ಸುಮ್ಮನೆ ನಿಂತ.

"ಯಾರಿಗೂ ಇಲ್ಲ ಅನ್ನು, ವಿಲ್ಫ್," ಸಭೆಯ ಕಾರ್ಯದರ್ಶಿ ಪಿಗಟ್ ಪಿಸುಗುಟ್ಟಿದ.

ಹಿಂದಿನ ಸಾಲಿನಲ್ಲಿ ಯಾರೋ, "ಪಾಪ, ಮರ್ತೇಬಿಟ್ಟ. ವಯಸ್ಸಾಯ್ತಲ್ಲ," ಎಂದರು. ಮೆಲ್ಲನೆ ನಗು ಹರಡಿತು. ಒಬ್ಬಾಕೆ ಅವನಿಗೆ ಧೈರ್ಯ ತುಂಬಲು ಚಪ್ಪಾಳೆಯನ್ನೂ ತಟ್ಟಿದಳು.

"ಇದೆ," ಎಂದ ವಿಲ್ಫ್. "ನನಗಿದೆ."

ನಗು ನಿಂತಿತು. ಪಿಗಟ್ ಕೆಟ್ಟ ಮನುಷ್ಯನಲ್ಲ, ನಿಯಮದ ಮನುಷ್ಯ. "ಈ ಕೋಟು ಹಾಕ್ಕೊಂಡಿರೋವರೆಗೂ ನೀನು ಸಭೆ ನೌಕರ ಕಣೋ. ನೌಕರನ ದೂರು ತಗೊಳ್ಳೋ ಹಾಗಿಲ್ಲ. ಊರಿನೋನು ಹೇಳ್ಬೇಕು, ಹೊಸ್ತಿಲಾಚೆ ನಿಂತು."

ವಿಲ್ಫ್ ಕತ್ತಿಯನ್ನು ಪಿಗಟ್ ಕೈಗಿಟ್ಟ. ಹೊಸ್ತಿಲು ದಾಟಿ ಮೆಟ್ಟಿಲ ಮೇಲೆ ನಿಂತು ತನ್ನ ಕೋಟಿನ ಗುಂಡಿ ಬಿಚ್ಚತೊಡಗಿದ. ಬೆಳ್ಳಿಯ ಹನ್ನೆರಡು ಗುಂಡಿ, ಬಿಗಿಯಾದ ಕಾಜು, ಮಡಿಸಲಾಗದ ಬೆರಳು. ಮೊದಲನೆಯದು ಬಿಚ್ಚಿತು. ಎರಡನೆಯದಕ್ಕೆ ಮತ್ತಷ್ಟು ಹೊತ್ತು ಹಿಡಿಯಿತು. ಒಳಗೆ ನೂರಾರು ಜನ ಅದನ್ನು ನೋಡುತ್ತಾ ಕುಳಿತಿದ್ದರು. ಒಬ್ಬನೂ ಏಳಲಿಲ್ಲ.

"ಸೂಪು ಆರ್ತಾ ಇದೆ ರೀ," ಎಂದ ಒಬ್ಬ ಸದಸ್ಯ.

ಬ್ಲೋರ್ ನಗುತ್ತಾ, "ಇರ್ಲಿ, ಮುದುಕ, ದುಃಖದಲ್ಲಿದಾನೆ. ಮುಂದುವರಿಸಿ," ಎಂದ.

ವಿಲ್ಫ್ ಏಳನೆಯ ಗುಂಡಿಯಲ್ಲಿದ್ದಾಗ ಪಿಗಟ್ ಕೈಯಲ್ಲಿದ್ದ ಹಾಳೆಯನ್ನೇ ನೋಡುತ್ತಾ, "ಯಾರಿಗೂ ಇಲ್ಲ," ಎಂದು ಓದಿದ. ಡೋಲು ಮೊಳಗಿತು. ಬಾಗಿಲು ಮುಚ್ಚಿತು.

ವಿಲ್ಫ್ ನಿಲ್ಲಿಸಲಿಲ್ಲ. ಉಳಿದ ಐದೂ ಗುಂಡಿ ಬಿಚ್ಚಿ, ಕೋಟನ್ನು ಮೆಟ್ಟಿಲ ಮೇಲೆ ಹಾಕಿ, ಬರೀ ಅಂಗಿಯಲ್ಲಿ ಸಂತೆಯತ್ತ ತಿರುಗಿದ. "ಡೆನಿಸ್ ಬ್ಲೋರ್ ಮೇಲೆ ನನ್ನದೊಂದು ದೂರಿದೆ," ಎಂದ. ಹನ್ನೊಂದು ದಿನದ ಹಾಸಿನ ವಿಷಯ, ಬೆನ್ನಿನ ವಿಷಯ, ಎಲ್ಲವನ್ನೂ ಹೇಳಿದ. ಒಳಗಿನ ಡೋಲು ಅರ್ಧವನ್ನು ನುಂಗಿತು.

ಎದುರಿಗೆ ಬ್ರೆಡ್ ಮಾರುತ್ತಿದ್ದ ಮಾವಿಸ್ ಕೈಗೆ ಹತ್ತಿದ ಹಿಟ್ಟನ್ನು ಒರೆಸಿಕೊಂಡು ಹತ್ತಿರ ಬಂದಳು.

"ಪೂರ್ತಿ ಕೇಳಿಸ್ಲಿಲ್ಲ ಕಣಣ್ಣ. ಯಾರಿಗೆ ಹಾಗಾಯ್ತು?"

"ನಮ್ಮಕ್ಕನಿಗೆ. ಎನಿಡ್ ಅಂತ."

ಚೀಲ ಹಿಡಿದ ಇಬ್ಬರು ಹೆಂಗಸರು ನಿಂತರು. ಮೀನಿನ ಗಾಡಿಯವನು ತನ್ನ ಕೂಗು ನಿಲ್ಲಿಸಿದ.

"ಇನ್ನೊಂದ್ಸಲ ಹೇಳು," ಎಂದಳು ಮಾವಿಸ್. "ಜೋರಾಗಿ ಹೇಳು."

ವಿಲ್ಫ್ ಮೊದಲಿನಿಂದ ಶುರು ಮಾಡಿದ.